ಹರಿಹರಕ್ಕೆ ಹೋಗುವವನ ಮುಖ

ಫೋನಿನ ಪರದೆಯಲ್ಲಿ ಕೆ.ಬಿ. ಬಡಾವಣೆಯ ಸುತ್ತ ಪುಟಾಣಿ ಕಾರುಗಳು ಇರುವೆಗಳಂತೆ ಹರಿದಾಡುತ್ತಿದ್ದವು. ಹರಿಹರಕ್ಕೆ ಬಾಡಿಗೆ ಕಾರು ಬೇಕೆಂದು ಒತ್ತಿದೆ. ಒಂದೂ ನನ್ನತ್ತ ತಿರುಗಲಿಲ್ಲ. ಅವು ನಿಜವಾಗಿ ಬೀದಿಯಲ್ಲಿದ್ದವೇ, ಇಲ್ಲಾ ಊರು ತುಂಬಿದಂತೆ ಕಾಣಲಿ ಎಂದು ಯಾರಾದರೂ ಇಟ್ಟಿದ್ದರೇ? ಇಂಥ ಅನುಮಾನ ಬರಲು ಕಾರಣವಿದೆ. ಕಾಲೇಜಿನ ದಿನಗಳಲ್ಲಿ ನಾನೇ ಹಾಗೆ ಇಟ್ಟ ಬೊಂಬೆಯಾಗಿದ್ದೆ.

ಆಗ ಹರಿಹರಕ್ಕೆ ಹೋಗುವ ಷೇರ್ ಕಾರುಗಳು ತುಂಬದೆ ಹೊರಡುತ್ತಿರಲಿಲ್ಲ. ಖಾಲಿ ಕಾರಿಗೆ ಮೊದಲು ಹತ್ತಲು ಯಾರಿಗೂ ಮನಸ್ಸಿಲ್ಲ. ನೀವೂ ಹತ್ತುವವರಲ್ಲ, ಒಪ್ಪಿಕೊಳ್ಳಿ. ಹಾಗಾಗಿ ಡ್ರೈವರ್ ದಾದಾಪೀರಣ್ಣ ಕೆಲಸವಿಲ್ಲದ ನಮ್ಮನ್ನು ಒಳಗೆ ಕೂರಿಸುತ್ತಿದ್ದ. "ಬಾರಪ್ಪ, ಹರಿಹರಕ್ಕೆ ಹೊಂಟೋನ ಥರ ಮಕ ಮಾಡ್ಕಂಡು ಕೂಡು." ನಿಜವಾದ ಗಿರಾಕಿ ಬಂದರೆ, ಏನೋ ಮರೆತವರಂತೆ ಒಬ್ಬೊಬ್ಬರೇ ಇಳಿದುಬಿಡಬೇಕು. ಸಂಬಳ, ಮಂಡಕ್ಕಿ ಮೆಣಸಿನಕಾಯಿ. ಹರಿಹರಕ್ಕೆ ಹೋಗುವವನ ಮುಖ ಹೇಗಿರುತ್ತದೆ? ನಾನಂತೂ ಅಲ್ಲಿನ ಹೊಳೆ ಆಗಲೇ ಕಂಡಂತೆ ಕಣ್ಣು ಕಿರಿದು ಮಾಡುತ್ತಿದ್ದೆ.

ಕಾರು ಬಿಳಿಯದು ಎಂದು ಬರೆಯಲು ಹೊರಟೆ. ಹಿಂದೊಮ್ಮೆ ಇದೇ ಕಥೆ ಹೇಳುವಾಗ ಕಪ್ಪು ಎಂದಿದ್ದೆ. ಅಕ್ಕನ ಪ್ರಕಾರ ಅದು ಕಾರೇ ಅಲ್ಲ, ಟೆಂಪೊ. ನೆನಪಿಗೂ ದಾದಾಪೀರಣ್ಣನ ಚಾಳಿಯಿದೆ. ಖಾಲಿ ಜಾಗ ಕಂಡಲ್ಲಿ ಯಾರನ್ನಾದರೂ ಕೂರಿಸಿಬಿಡುತ್ತದೆ.

ಫೋನು ಇನ್ನೂ ಹುಡುಕುತ್ತಲೇ ಇತ್ತು. ಹಳೆಯ ಸ್ಟ್ಯಾಂಡಿನತ್ತ ನಡೆದೆ. ದಾದಾಪೀರಣ್ಣ ಇದ್ದ, ಗಡ್ಡಕ್ಕೆ ಮದರಂಗಿ ಬಂದಿತ್ತು. ಕಾರಿನ ಹಿಂದಿನ ಸೀಟಿನಲ್ಲಿ ಒಬ್ಬ ಹೆಂಗಸು, ತೊಡೆಯ ಮೇಲೆ ಟಿಫನ್ ಕ್ಯಾರಿಯರ್.

"ಇನ್ನೆಷ್ಟೊತ್ತು ಅಣ್ಣ? ಹರಿಹರದ ಆಸ್ಪತ್ರ್ಯಾಗೆ ನಮ್ಮನೆಯವ್ರು ಬೆಳಗ್ಗಿಂದ ಏನೂ ತಿಂದಿಲ್ಲ. ಗೇಟ್ ಹಾಕಿದ್ರೆ ಸಂಜಿತನಕ ಒಳಗೆ ಬಿಡಲ್ಲ."

"ತುಂಬ್ಲಿ ತಾಯಿ. ಈಗ ಎಲ್ರೂ ಫೋನಾಗೇ ಕಾರು ಕರೀತಾರೆ. ನಾನು ಬಾಯಾಗೆ ಕರದ್ರೆ ಯಾರು ಬರ್ತಾರೆ?" ಎಂದವನು ನನ್ನನ್ನು ನೋಡಿ, "ಬರ್ರಿ ಸಾರ್, ಕೂಡ್ರಿ" ಎಂದ.

"ನನ್ನ ಗುರುತು ಸಿಕ್ತಾ?"

"ಗುರುತು ಯಾಕ್ರಿ? ಸೀಟು ಐತೆ."

ಹತ್ತಿ ಕೂತೆ. ಹಳೆಯ ಉಪಾಯ ಈಗಲೂ ನಡೆಯುತ್ತದೆಯೇ ಎಂಬ ಕುತೂಹಲವೂ ಇತ್ತು. ದಾರಿಯಲ್ಲಿ ಹೋಗುತ್ತಿದ್ದ ಗಂಡ ಹೆಂಡತಿ ಕಿಟಕಿಯಲ್ಲಿ ಇಣುಕಿ, ನಮ್ಮಿಬ್ಬರನ್ನು ನೋಡಿ, ಹತ್ತಿಯೇಬಿಟ್ಟರು. ಕಾರು ತುಂಬಿತು. ಆದರೂ ದಾದಾಪೀರಣ್ಣ ಹೊರಗೇ ನಿಂತು, "ಹರಿಹರ, ಹರಿಹರ, ಒಂದೇ ಸೀಟು!" ಎಂದು ಕೂಗುತ್ತಿದ್ದ. ಆ ಹೆಂಗಸು ಕ್ಯಾರಿಯರನ್ನು ಎದೆಗೆ ಒತ್ತಿಕೊಂಡು ನನ್ನ ಮುಖ ನೋಡಿದರು.

"ತುಂಬಿತಲ್ಲ, ಹೊರಡಿ" ಎಂದೆ.

"ಎಲ್ಲಿ ತುಂಬ್ತು? ನೀವು ಕೊನಿಗೆ ಇಳಿಯೋರಲ್ವಾ?"

ಗುರುತು ಸಿಕ್ಕಿತ್ತು!

"ಇಲ್ಲ ದಾದಾಪೀರಣ್ಣ, ಇವತ್ತು ನಿಜವಾಗ್ಲೂ ಹೋಗ್ತೀನಿ."

ಅವನು ನಂಬಿದನೋ ಇಲ್ಲವೋ, ಕಾರನ್ನಂತೂ ಎಬ್ಬಿಸಿದ.

ದಾರಿಯಲ್ಲಿ ಬಾತಿ ಊರು ದಾಟುವಾಗ ಫೋನು ಕುಂಯ್‌ಗುಟ್ಟಿತು. ಕೊನೆಗೂ ಒಂದು ಪುಟಾಣಿ ಕಾರು, ನಾನಿಲ್ಲದ ಜಾಗಕ್ಕೆ ನನ್ನನ್ನು ಹುಡುಕಿಕೊಂಡು ಹೊರಡುವುದರಲ್ಲಿತ್ತು. ಕೂಡಲೇ ರದ್ದು ಮಾಡಿದೆ. ಅದರ ಡ್ರೈವರ್ ತನ್ನ ಪರದೆಯಿಂದ ನಾನು ಮಾಯವಾದದ್ದನ್ನು ಕಂಡು, ಇವನು ನಿಜವಾಗಿ ಇದ್ದನೇ ಎಂದುಕೊಂಡಿರಬೇಕು.

ಆಸ್ಪತ್ರೆಯ ಗೇಟು ತೆರೆದಿತ್ತು. ಆ ಹೆಂಗಸು ಇಳಿದವರೇ ಕ್ಯಾರಿಯರ್ ಹಿಡಿದು ಓಡಿದರು. ನಾನು ಕಣ್ಣು ಕಿರಿದು ಮಾಡಿ ಅವರು ಹೋದತ್ತಲೇ ನೋಡುತ್ತಾ ಕೂತಿದ್ದೆ. ದಾದಾಪೀರಣ್ಣ ಕನ್ನಡಿಯಲ್ಲಿ ನನ್ನನ್ನು ಗಮನಿಸಿ ನಕ್ಕ.

"ಸಾರ್, ಹರಿಹರ ಬಂತು. ಇನ್ನು ಆ ಮಕ ಬ್ಯಾಡ, ಬಿಡ್ರಿ."