ಬಿಕ್ಕಲಂ ಹಾಕದ ಅರ್ಜಿ

ನಮ್ಮಪ್ಪ ಓದು ಬಾರದವರಿಗೆ ಅರ್ಜಿ ಬರೆದುಕೊಡುತ್ತಿದ್ದರು. ಕೊನೆಯಲ್ಲಿ ‘ಬಿಕ್ಕಲಂ’ ಎಂದು ಹಾಕಿ, ಬರೆದವರು ಯಾರೆಂದು ತಿಳಿಯುವಂತೆ ತಮ್ಮ ಹೆಸರು ಬರೆಯದೆ ಕಾಗದ ಕೈಬಿಡುತ್ತಿರಲಿಲ್ಲ. ಅಂಥವರ ಮಗಳು ನಾನು, ಐವತ್ತರ ದಶಕದಲ್ಲಿ ನಜರ್‌ಬಾದಿನ ಒಂದು ಹೆಣ್ಣುಮಕ್ಕಳ ಶಾಲೆಯಲ್ಲಿ ಮೇಡಂ ಆಗಿದ್ದವಳು, ಹೆಸರಿಲ್ಲದ ಅರ್ಜಿ ಬರೆದೆ.

ಬರೆಸಿದವಳು ಶಾಲೆಯ ಆಯಾ. ಹೆಡ್‌ಮಿಸ್ಟ್ರೆಸ್ಸು ತಮ್ಮ ಮನೆಯ ಬಟ್ಟೆಯನ್ನೆಲ್ಲ ಅವಳ ಕೈಲಿ ಒಗೆಸುತ್ತಿದ್ದರು. “ನನ್ನೆಸ್ರು ಹಾಕ್ಬುಡ್ಬೇಡಿ ಕಣವ್ವ, ಕೆಲ್ಸ ಹೋಯ್ತದೆ” ಎಂದಳು. ಅವಳದ್ದೂ ಹಾಕಲಿಲ್ಲ, ನನ್ನದೂ ಹಾಕಲಿಲ್ಲ. ಮೂಗರ್ಜಿ ಇಲಾಖೆಗೆ ಹೋಯಿತು.

ಅದೇ ವಾರ ಕಾಲೇಜಿನ ಫ್ರೆಂಚ್ ಮೇಷ್ಟ್ರೊಬ್ಬರು ನಮ್ಮ ಶಾಲೆಯ ಹಾಲ್‌ನ ಕಿಟಕಿಗಳಿಗೆ ಜಮಖಾನ ಕಟ್ಟಿಸಿ, ಮಟಮಟ ಮಧ್ಯಾಹ್ನ ಒಂದು ಹಳೆಯ ಮೂಕಿ ಚಿತ್ರ ತೋರಿಸಿದರು. ಫ್ರಾನ್ಸಿನಲ್ಲಿ ನಿಜವಾಗಿ ನಡೆದದ್ದಂತೆ. ಶತ್ರುಗಳಿಗೆ ಗುಟ್ಟು ತಿಳಿಸುವ ಒಂದು ಕಾಗದ ಸಿಗುತ್ತದೆ. ಅಕ್ಷರ ಹೋಲುತ್ತದೆಂದು ಒಬ್ಬ ಸೇನಾಧಿಕಾರಿಯನ್ನು ಕರೆದು ಉಕ್ತಲೇಖನ ಬರೆಸುತ್ತಾರೆ. ಅವನ ಕೈ ನಡುಗುತ್ತದೆ. ಸಿಕ್ಕಿಬಿದ್ದ ಎಂದು ಅವನನ್ನು ಯಾವುದೋ ದ್ವೀಪಕ್ಕೆ ಅಟ್ಟುತ್ತಾರೆ. “ಬರೆದವನು ಬೇರೆಯವನು ಕಣ್ರೀ, ಅವನು ಸೈನ್ಯದಲ್ಲೇ ಆರಾಮಾಗಿದ್ದ” ಎಂದರು ಮೇಷ್ಟ್ರು.

ಮೂರೇ ದಿನಕ್ಕೆ ಇಲಾಖೆಯ ಇನ್‌ಸ್ಪೆಕ್ಟರು ಮೂಗರ್ಜಿ ಹಿಡಿದು ಬಂದರು. ಮೇಡಂಗಳನ್ನೆಲ್ಲ ಸಾಲಾಗಿ ಕೂರಿಸಿ, ಅದರದೇ ನಾಲ್ಕು ಸಾಲು ಹೇಳಿ ಬರೆಸಿದರು. ಹೆದರಿಕೆಗೆ ನನ್ನ ಕೈಯಲ್ಲಿ ಪೆನ್ನು ನಿಲ್ಲಲಿಲ್ಲ. ಅಕ್ಷರ ಸೊಟ್ಟಸೊಟ್ಟ, ನನ್ನದೆಂದು ನನಗೇ ಗುರುತು ಸಿಗದಷ್ಟು. ಆ ಚಿತ್ರದ ಅಧಿಕಾರಿಯ ಕೈಯೇ ಕಣ್ಣಮುಂದೆ. ಮುಗಿಯಿತು ನನ್ನ ಕಥೆ ಅಂದುಕೊಂಡೆ.

ಪಕ್ಕದಲ್ಲಿದ್ದ ಚಿಕ್ಕ ವಯಸ್ಸಿನ ಮೇಡಂ ಹಿಂದೆ ನನ್ನ ಶಿಷ್ಯೆ. ಮೂರು ವರ್ಷ ಕಾಪಿ ಬರೆಸಿ ಬರೆಸಿ, ನನ್ನ ಗುಂಡಕ್ಷರವನ್ನೇ ಅವಳ ಕೈಗೆ ಕೂರಿಸಿದ್ದೆ. ಅವಳಿಗೇಕೆ ಹೆದರಿಕೆ? ಮುತ್ತು ಪೋಣಿಸಿದ ಹಾಗೆ ಬರೆದಳು. ಇನ್‌ಸ್ಪೆಕ್ಟರು ನನ್ನ ಹಾಳೆಯನ್ನು ಅತ್ತ ಸರಿಸಿ, ಅವಳದನ್ನು ಅರ್ಜಿಯ ಪಕ್ಕ ಇಟ್ಟು ಬಹಳ ಹೊತ್ತು ನೋಡಿದರು.

ಎದ್ದು ನಿಂತು ಹೇಳಬೇಕಿತ್ತು. ಹೇಳಲಿಲ್ಲ. ಥೂ, ಎಂಥ ಹೆಂಗಸು ನಾನು. ಹೆದರಿಕೆ ಇಳಿದು ಹಗುರವಾಯಿತು ನೋಡಿ, ಅದಕ್ಕೇ ಇವತ್ತಿಗೂ ನಾಚಿಕೆ.

ಆ ಶಿಷ್ಯೆಯ ಕೆಲಸ ಹೋಯಿತು. ಹೊರಡುವ ದಿನ ಬಂದು ನನ್ನ ಕಾಲಿಗೆ ನಮಸ್ಕರಿಸಿದಳು.

“ನಾನು ಬರೀಲಿಲ್ಲ ಮೇಡಂ. ನೀವಾದ್ರೂ ನಂಬ್ತೀರಲ್ವಾ?”

“ನಂಬ್ತೀನಿ ಕಣಮ್ಮ” ಎಂದೆ.