ಆಯಿಯನ್ನು ಎಬ್ಬಿಸಿ ನಿಲ್ಲಿಸಿದ ದಿನ

ಕಳೆದ ತಿಂಗಳು ಮೊಮ್ಮಗಳು ನನ್ನ ಪಕ್ಕದಲ್ಲಿ ಕುಳಿತು ಉಗುರಿಗೆ ಬಣ್ಣ ಹಚ್ಚಿಕೊಳ್ಳುತ್ತಿದ್ದಳು. ಶೀಶೆಯ ಮುಚ್ಚಳ ತೆಗೆದದ್ದೇ ತಡ, ಆ ಘಾಟು ಮೂಗಿಗೆ ಬಡಿಯಿತು. ಮೆಂತ್ಯದ ಸೊಪ್ಪು ಬಿಡಿಸುತ್ತಿದ್ದ ನನ್ನ ಕೈ ನಿಂತುಹೋಯಿತು. ಸ್ಟೆನ್ಸಿಲ್ ತಿದ್ದುವ ದ್ರವಕ್ಕೂ ಇದೇ ವಾಸನೆ ಇತ್ತು. ಮೇಣದ ಹಾಳೆಯ ಮೇಲೆ ಟೈಪು ಮಾಡುವಾಗ ತಪ್ಪಾದರೆ ಪುಟ್ಟ ಕುಂಚದಿಂದ ಆ ಕೆಂಪು ದ್ರವ ಸವರಬೇಕು, ಬಾಯಿಂದ ಊದಿ ಒಣಗಿಸಬೇಕು, ಆಮೇಲೆ ಅದರ ಮೇಲೆಯೇ ಸರಿಯಾದ ಅಕ್ಷರ ಕುಟ್ಟಬೇಕು. ಒಂದು ಮಧ್ಯಾಹ್ನ ಆ ಕುಂಚ ಹಿಡಿದುಕೊಂಡು, ಒಂದು ಸಾಲನ್ನು ಅಳಿಸಲೋ ಬೇಡವೋ ಎಂದು ಬಹಳ ಹೊತ್ತು ಕುಳಿತಿದ್ದೆ. ಅಳಿಸಲಿಲ್ಲ. ಅದು ಆಯಿಯ ಕಣ್ಣಿನ ಬಗ್ಗೆ ಬರೆದ ಸಾಲು.

ಎಪ್ಪತ್ತರ ದಶಕ ಮುಗಿಯುತ್ತ ಬಂದಿದ್ದ ಕಾಲ. ನಾನು ಬಸವಕಲ್ಯಾಣದವಳು, ಹುಮನಾಬಾದಿನ ಕಾಲೇಜೊಂದರಲ್ಲಿ ವಾಣಿಜ್ಯ ಕಲಿಸುತ್ತಿದ್ದೆ. ಕೆಲಸಕ್ಕೆ ಸೇರಿ ಎರಡು ವರ್ಷವಾಗಿತ್ತು. ನಮ್ಮ ಭಾಗದ ನಾಲ್ಕಾರು ಊರುಗಳ ಅಧ್ಯಾಪಕರು ಸೇರಿ ಆಗ ಒಂದು ಸಂಘ ಕಟ್ಟಿದ್ದರು. ವ್ಯವಸ್ಥಾಪನಾ ಶಾಸ್ತ್ರವನ್ನು, ಅಂದರೆ ಮ್ಯಾನೇಜ್‌ಮೆಂಟನ್ನು, ಕಲಿಸುವವರು, ಅದರಲ್ಲಿ ಸಂಶೋಧನೆ ಮಾಡುವವರು ಒಂದೆಡೆ ಕೂಡಬೇಕು, ವರ್ಷಕ್ಕೊಮ್ಮೆ ಪ್ರಬಂಧ ಓದಬೇಕು, ಒಂದು ಪತ್ರಿಕೆ ತರಬೇಕು ಎಂಬುದು ಆಸೆ. ಹತ್ತೊಂಬತ್ತು ಜನ ಸದಸ್ಯರಲ್ಲಿ ನಾನೊಬ್ಬಳೇ ಹೆಂಗಸು. ಟೈಪಿಂಗ್ ಬರುತ್ತಿತ್ತು, ಆದ್ದರಿಂದ ಕಾರ್ಯದರ್ಶಿಯಾದೆ. ನಮ್ಮ ಅಧ್ಯಕ್ಷರು ಹಿರಿಯ ಪ್ರಾಧ್ಯಾಪಕರು, ತಿಳಿದವರು. ದೂರದೇಶದ ಮೋಟಾರು ಕಾರ್ಖಾನೆಯ ಉದಾಹರಣೆಗಳನ್ನು ಎಷ್ಟು ವರ್ಷ ಬಾಯಿಪಾಠ ಮಾಡಿಸುವುದು, ನಮ್ಮ ನೆಲದಲ್ಲಿ ಕೆಲಸ ಹೇಗೆ ನಡೆಯುತ್ತದೆಂದು ನೋಡಿ ಬನ್ನಿ ಎಂದು ನಮ್ಮನ್ನೆಲ್ಲ ಹುರಿದುಂಬಿಸಿದರು. ಒಬ್ಬರು ಬೇಳೆ ಗಿರಣಿ ಹಿಡಿದರು, ಇನ್ನೊಬ್ಬರು ಬೆಲ್ಲದ ಪೇಟೆ. ನಾನು ಹಿಡಿದದ್ದು ಕಳೆ ತೆಗೆಯುವ ಹೆಂಗಸರನ್ನು.

ದುಬಲಗುಂಡಿಯ ಕಡೆ ಬಸ್ಸಿನಲ್ಲಿ ಹೋಗುವಾಗ ಅವರನ್ನು ಕಂಡಿದ್ದೆ. ತೊಗರಿ ಹೊಲದಲ್ಲಿ ಹದಿನಾಲ್ಕು ಹೆಂಗಸರು ಕುಕ್ಕರುಗಾಲಲ್ಲಿ ಕುಳಿತು ಒಂದೇ ಗೆರೆಯಾಗಿ ಮುಂದೆ ಸಾಗುತ್ತಿದ್ದರು. ಯಾರೂ ಹಿಂದಿಲ್ಲ, ಯಾರೂ ಮುಂದಿಲ್ಲ. ಒಂದು ಭಾನುವಾರ ಇಳಿದೇಬಿಟ್ಟೆ.

ಆ ಗುಂಪನ್ನು ನಡೆಸುತ್ತಿದ್ದವಳು ಆಯಿ. ಎಲ್ಲರೂ ಅವಳನ್ನು ಹಾಗೇ ಕರೆಯುತ್ತಿದ್ದರು, ನಾನೂ ಕರೆದೆ. ಅರವತ್ತರ ಆಸುಪಾಸು ಇರಬೇಕು. ಒಣಗಿದ ಮೈ, ದೊಡ್ಡ ಕಿವಿ, ನಕ್ಕರೆ ಕೆಳಗಿನ ಎರಡು ಹಲ್ಲು. ನಾಳೆ ಯಾರ ಹೊಲ ಎಂಬುದನ್ನು ಸಂಜೆ ಬಾವಿಕಟ್ಟೆಯ ಹತ್ತಿರ ಅವಳೇ ಹೇಳುವಳು. ಹೆಂಗಸರಿಗೆ ಕೆಟ್ಟ ಮಾತಾಡಿದವನ ಹೊಲಕ್ಕೆ ಆ ವರ್ಷವೆಲ್ಲ ಯಾರೂ ಹೋಗುವಂತಿರಲಿಲ್ಲ. ಹೊಲದಲ್ಲಿ ಯಾರ ಪಕ್ಕದಲ್ಲಿ ಯಾರು ಕೂಡಬೇಕೆಂದೂ ಅವಳೇ ಗೊತ್ತುಮಾಡುವಳು. ಮೊದಮೊದಲು ನನಗೆ ಅದರ ಅರ್ಥ ತಿಳಿಯಲಿಲ್ಲ. ಆಮೇಲೆ ನಾನೂ ಕಳೆ ಕೀಳುವ ಖುರ್ಪಿ ಹಿಡಿದು ಸಾಲಿನಲ್ಲಿ ಕುಳಿತ ಮೇಲೆ ತಿಳಿಯಿತು. ಕೈ ಚುರುಕಿನ ಇಬ್ಬರ ನಡುವೆ ಕೈಲಾಗದ ಒಬ್ಬಳನ್ನು ಕೂಡಿಸುತ್ತಿದ್ದಳು. ಬಸುರಿ, ಬಾಣಂತಿ, ಜ್ವರ ಬಂದವಳು, ಮುದುಕಿ... ಅವರ ಸಾಲಿನ ಕಳೆಯನ್ನು ಆಚೆಯವಳೊಂದಿಷ್ಟು ಈಚೆಯವಳೊಂದಿಷ್ಟು ಕೈ ಚಾಚಿ ತೆಗೆದುಬಿಡುವರು. ಇದಕ್ಕೆ ಯಾರೂ ಯಾರಿಗೂ ಏನೂ ಅನ್ನುತ್ತಿರಲಿಲ್ಲ.

"ಮಾಲಕ ಬದುವಿನ ಮ್ಯಾಲ ನಿಂತು ನೋಡ್ತಾನ್ರಿ ಅಕ್ಕೋರೆ," ಎಂದಿದ್ದಳು ಆಯಿ. "ಅವನಿಗಿ ಗೆರಿ ಸೀದಾ ಕಂಡ್ರ ಸಾಕು."

ಮೂರನೆಯ ವಾರವೋ ನಾಲ್ಕನೆಯ ವಾರವೋ ಇರಬೇಕು. ಬುತ್ತಿ ಬಿಚ್ಚಿದ ಹೊತ್ತಿನಲ್ಲಿ ನಾನು ಆಯಿಗೆ ನೀರಿನ ಚೊಂಬು ಕೊಡಲು ಹೋದೆ. ಅವಳು ಕೈ ಚಾಚಲಿಲ್ಲ. ಚೊಂಬು ಅವಳ ಮುಖದ ಮುಂದೆಯೇ ಇತ್ತು. ಪಕ್ಕದಲ್ಲಿದ್ದ ಸೊಸೆ ಅವಳ ಕೈ ಹಿಡಿದು ಚೊಂಬಿಗೆ ಮುಟ್ಟಿಸಿದಳು. ಅವಳಿಗೆ ಕಣ್ಣು ಕಾಣುತ್ತಿರಲಿಲ್ಲ. ಬೆರಳಿಂದ ಸವರಿ ಸವರಿ ತೊಗರಿ ಯಾವುದು, ಕಳೆ ಯಾವುದು ಎಂದು ತಿಳಿದುಕೊಳ್ಳುತ್ತಿದ್ದಳು, ಅಷ್ಟು ದಿನವೂ. ಉಳಿದದ್ದನ್ನು ಅಕ್ಕಪಕ್ಕದವರು ನೋಡಿಕೊಳ್ಳುತ್ತಿದ್ದರು.

"ತಿಳೀತೇನ್ರಿ?" ಎಂದಳು ಆಯಿ. ಸಿಟ್ಟಿರಲಿಲ್ಲ, ಅಂಜಿಕೆ ಇತ್ತು. "ಮೂರ್ ವರ್ಷ ಆತ್ರಿ ನಜರ್ ಹೋಗಿ. ಯಾರ ಮುಂದೂ ಅನಬ್ಯಾಡ್ರಿ ಅಕ್ಕೋರೆ."

ಇಲ್ಲ ಆಯಿ, ಅನ್ನೋದಿಲ್ಲ ಎಂದೆ. ಆಗ ನಿಜವಾಗಿಯೂ ಮನಸ್ಸಿನಿಂದಲೇ ಹೇಳಿದ್ದೆ.

ಪ್ರಬಂಧ ಬರೆಯಲು ಕುಳಿತಾಗ ಬೇರೆಯದೇ ಆಯಿತು. ಕೈಬರಹದ ಪ್ರತಿಯಲ್ಲಿ ಆ ಸಂಗತಿಯನ್ನು ನಾನೇ ಬರೆದಿದ್ದೆ, ಬರೆಯದಿದ್ದರೆ ಅಧ್ಯಯನ ಅರ್ಧವಾಗುತ್ತದೆ ಎನ್ನಿಸಿತ್ತು. ಅಧ್ಯಕ್ಷರು ಓದಿ ಆ ಸಾಲಿನ ಕೆಳಗೆ ಗೆರೆ ಎಳೆದರು. "ಇದೇ ನೋಡ್ರಿ ಪ್ರಬಂಧದ ಜೀವ. ಇದನ್ನ ಮಾತ್ರ ಬಿಡಬ್ಯಾಡ್ರಿ," ಎಂದರು. ಆಯಿಯ ಹೆಸರನ್ನೇನೂ ಹಾಕಿರಲಿಲ್ಲ. ಬರೆಯುವುದು ಬೇರೆ, ಬಾಯಿ ಬಿಟ್ಟು ಹೇಳುವುದು ಬೇರೆ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ನನಗೆ ಆಗ ಇಪ್ಪತ್ತಾರು. ಸಂಘದ ಪತ್ರಿಕೆಯ ಮೊದಲ ಸಂಚಿಕೆಯಲ್ಲಿ ನನ್ನ ಲೇಖನ ಬರಬೇಕಿತ್ತು. ಕುಂಚವನ್ನು ಶೀಶೆಯೊಳಗಿಟ್ಟು ಮುಚ್ಚಳ ತಿರುಗಿಸಿದೆ.

ಮೊದಲ ವಾರ್ಷಿಕ ಸಮ್ಮೇಳನ ಬಸವಕಲ್ಯಾಣದಲ್ಲಿ, ಒಂದು ಶಾಲೆಯ ಸಭಾಂಗಣದಲ್ಲಿ. ಆಯಿಯನ್ನು ಬಾ ಎಂದವಳು ನಾನೇ. "ನಿಮ್ಮ ಕೆಲಸದ ಬಗ್ಗೆ ದೊಡ್ಡ ದೊಡ್ಡವರು ಕೇಳಾಕತ್ತಾರ, ನೀವು ಬರ್ಲಿಲ್ಲಂದ್ರ ಹ್ಯಾಂಗ?" ಎಂದು ಒತ್ತಾಯ ಮಾಡಿದ್ದೆ. ತೊಳೆದ ಸೀರೆ ಉಟ್ಟು, ಸೊಸೆಯ ಭುಜ ಹಿಡಿದು, ಎರಡು ಬಸ್ಸು ಬದಲಿಸಿ ಬಂದಳು. ಹಿಂದಿನ ಸಾಲಿನಲ್ಲಿ ಕುರ್ಚಿ ಖಾಲಿ ಇದ್ದರೂ ಇಬ್ಬರೂ ಗೋಡೆಗೆ ಒರಗಿ ನೆಲದ ಮೇಲೆ ಕುಳಿತರು. ನಾನು ಪುಸ್ತಕದ ಕನ್ನಡದಲ್ಲಿ ಓದಿದೆ. ಶ್ರಮ ವಿಭಜನೆ, ಅನೌಪಚಾರಿಕ ನಾಯಕತ್ವ, ದೃಷ್ಟಿಹೀನಳಾದ ನಾಯಕಿ... ಆಯಿಗೆ ಅದೊಂದೂ ತಿಳಿಯುತ್ತಿರಲಿಲ್ಲ. ಅವಳಿಗೆ ತಿಳಿಯುವುದಿಲ್ಲವೆಂಬ ಧೈರ್ಯದಿಂದಲೇ ನಾನು ಓದಿದೆನೇನೋ. ಮುಗಿದಾಗ ಚಪ್ಪಾಳೆ ಬಿತ್ತು. ಅಂಥ ಚಪ್ಪಾಳೆಯನ್ನು ಅದಕ್ಕಿಂತ ಮೊದಲು ನಾನು ಕೇಳಿರಲಿಲ್ಲ.

ಅಧ್ಯಕ್ಷರು ಎದ್ದು, ಆ ತಾಯಿ ಸಭೆಗೆ ಬಂದಿದ್ದಾರಂತಲ್ಲ, ಎಲ್ಲಿದ್ದಾರೆ ಎಂದರು. ನಾನು ವೇದಿಕೆಯ ಮೇಲಿನಿಂದಲೇ ಕೈ ಮಾಡಿ ಕರೆದೆ. "ಆಯಿ, ಏಳ್ರಿ. ಎದ್ದು ನಿಂದ್ರಿ."

ಆಯಿ ಗೋಡೆ ಹಿಡಿದು ಎದ್ದು ನಿಂತಳು. ಎಲ್ಲರೂ ತಿರುಗಿ ನೋಡಿದರು. ಯಾವ ಕಡೆ ಮುಖ ಮಾಡಬೇಕೆಂದು ತಿಳಿಯದೆ ಅವಳು ಕಿಟಕಿಯ ಕಡೆ ಕೈ ಮುಗಿದಳು.

ಮುಂದಿನ ಸಾಲಿನಲ್ಲಿ ಒಬ್ಬ ಸಾವಕಾರರಿದ್ದರು. ಆ ದಿನದ ಊಟ ಅವರದು. ದುಬಲಗುಂಡಿಯ ಸುತ್ತ ಅವರಿಗೆ ಬಹಳ ಜಮೀನಿತ್ತು, ಆಯಿಯ ಗುಂಪು ಹೆಚ್ಚು ದಿನ ದುಡಿಯುತ್ತಿದ್ದದ್ದು ಅವರಲ್ಲಿಯೇ. ಅದು ನನಗೆ ಗೊತ್ತಿತ್ತು. ಗೊತ್ತಿದ್ದೂ ಆ ಕ್ಷಣದಲ್ಲಿ ನೆನಪಾಗಲಿಲ್ಲ. ಅವರು ಕುರ್ಚಿಯಲ್ಲಿ ತಿರುಗಿ ಕುಳಿತು ನಗುತ್ತ ಅಂದರು:

"ಅಂದ್ರ ಇಷ್ಟ್ ದಿನ ನನ್ನ ಹೊಲದಾಗ ಕಣ್ಣ್ ಕಾಣದಾಕಿ ಕಸ ತೆಗ್ಯಾಕತ್ತಿದ್ಳು ಅನ್ರಿ!"

ಸಭೆ ನಕ್ಕಿತು. ಅಧ್ಯಕ್ಷರೂ ನಕ್ಕರು. ಅವರು ತಮಾಷೆಗೇ ಅಂದದ್ದು, ಕೆಟ್ಟ ಮನುಷ್ಯರೇನಲ್ಲ. ಆ ಇಡೀ ದಿನದಲ್ಲಿ ಆಯಿಗೆ ಸ್ಪಷ್ಟವಾಗಿ ತಿಳಿದ ಮಾತು ಅದೊಂದೇ ಇರಬೇಕು. ಅವಳು ನಿಂತೇ ಇದ್ದಳು. ಕೂಡು ಎಂದು ಯಾರೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ಕೊನೆಗೆ ಸೊಸೆ ಸೆರಗು ಹಿಡಿದು ಜಗ್ಗಿದಳು. ಊಟದ ಹೊತ್ತಿಗೆ ಹುಡುಕಿದರೆ ಇಬ್ಬರೂ ಇರಲಿಲ್ಲ.

ಮರುವರ್ಷದ ಮುಂಗಾರಿಗೆ ಸಾವಕಾರರ ಹೊಲದಲ್ಲಿ ಹೊಸ ಪದ್ಧತಿ ಬಂತು. ಒಬ್ಬೊಬ್ಬಳ ಸಾಲಿನ ತುದಿಗೂ ಒಂದೊಂದು ಕಟ್ಟಿಗೆ ನೆಟ್ಟರು. ಅವರವರ ಸಾಲು ಅವರವರದೇ. ಪಕ್ಕದ ಸಾಲಿಗೆ ಕೈ ಹಾಕುವಂತಿಲ್ಲ. ಹಿಂದೆ ಬಿದ್ದವಳು ನಾಳೆ ಬರಬೇಕಾಗಿಲ್ಲ. ಆಯಿಯನ್ನು ಮೊದಲ ದಿನವೇ ಬದುವಿನಿಂದ ವಾಪಸು ಕಳಿಸಿದರು. ಸೊಸೆ ಆಗ ಆರು ತಿಂಗಳ ಬಸುರಿ, ಮೂರನೆಯ ದಿನ ಅವಳೂ ಹಿಂದೆ ಬಿದ್ದಳು. ಇದನ್ನು ನೋಡಿ ಉಳಿದ ರೈತರೂ ಕಟ್ಟಿಗೆ ನೆಟ್ಟರು. ಗಟ್ಟಿ ಕೈಯವರು ತಮ್ಮ ತಮ್ಮ ಸಾಲು ನೋಡಿಕೊಂಡರು. ಅವರನ್ನು ಏನೆನ್ನುವುದು... ಅವರ ಮನೆಯಲ್ಲೂ ಮಕ್ಕಳಿದ್ದವು. ದೀಪಾವಳಿಯ ಹೊತ್ತಿಗೆ ಆರೇಳು ಹೆಂಗಸರು ಕೂಲಿಯಾಳುಗಳನ್ನು ಒಯ್ಯುವ ಮುಕಾದಮನೊಬ್ಬನ ಹಿಂದೆ ಗಡಿಯಾಚೆ ಕಬ್ಬು ಕಡಿಯಲು ಹೋಗಿಬಿಟ್ಟರು. ಬಾವಿಕಟ್ಟೆಯ ಹತ್ತಿರ ಸಂಜೆ ಕೂಡುವುದು ನಿಂತಿತು.

ನಾನು ಅಧ್ಯಕ್ಷರ ಹತ್ತಿರ ಹೋದೆ. ಸಂಘದ ಪರವಾಗಿ ಸಾವಕಾರರಿಗೆ ಒಂದು ಮಾತು ಹೇಳಿ ಎಂದು ಕೇಳಿಕೊಂಡೆ. ಅವರು ಕನ್ನಡಕ ತೆಗೆದು ಒರೆಸುತ್ತ, "ನಾವು ಅಧ್ಯಯನ ಮಾಡೋರಮ್ಮ, ನ್ಯಾಯ ಮಾಡೋರಲ್ಲ," ಎಂದರು. ಸಾವಕಾರರ ಮನೆಗೂ ಹೋದೆ. ಮರ್ಯಾದೆಯಿಂದ ಕೂಡಿಸಿ ಚಹಾ ಕೊಟ್ಟರು.

"ನಾ ಏನ್ ತಪ್ಪ್ ಮಾಡೀನ್ರಿ ಅಕ್ಕೋರೆ? ಕೆಲಸ ಎಲ್ಲಿ ಸೋರಾಕತ್ತದ ಅಂತ ನನಗೇನ್ ಗೊತ್ತಿತ್ರಿ? ನೀವೇ ತೋರಿಸಿಕೊಟ್ರಿ."

ಆ ಚಹಾ ಕುಡಿದೆನೋ ಇಲ್ಲವೋ ನೆನಪಿಲ್ಲ.

ಆಯಿ ಮನೆಯ ಹೊಸ್ತಿಲಲ್ಲಿ ಕುಳಿತಿದ್ದಳು. ನನ್ನ ಹೆಜ್ಜೆಯ ಸಪ್ಪಳಕ್ಕೇ ಗುರುತು ಹಿಡಿದು, "ಬರ್ರಿ ಅಕ್ಕೋರೆ," ಎಂದಳು. ಆ ಮಾತಿನಲ್ಲಿ ಮೊದಲಿನದೇ ಮರ್ಯಾದೆ ಇತ್ತು, ಅದನ್ನೇ ನನಗೆ ತಡೆಯಲಾಗಲಿಲ್ಲ. ಸೊಸೆ ಒಳಗಿಂದ ಹೊರಗೆ ಬರಲಿಲ್ಲ. ಆಯಿ ಕೇಳಿದಳು, "ನೀವ್ ಬರದಿದ್ದು ತಿರುಗಿ ತಗೋಳಾಕ ಬರ್ತದೇನ್ರಿ?"

ಬರೋದಿಲ್ಲ ಆಯಿ ಎಂದೆ. ತಲೆಯಾಡಿಸಿದಳು.

ಕಣ್ಣಾದರೂ ಸರಿಮಾಡಿಸಿದರೆ ಸಾಲು ಹಿಡಿಯಬಹುದು ಎಂದು ನನಗೊಂದು ಆಸೆ. ಹುಮನಾಬಾದಿನಲ್ಲಿ ಕಣ್ಣಿನ ಶಿಬಿರ ನಡೆದಾಗ ಕರೆದುಕೊಂಡು ಹೋದೆ. ಬೆಳಗಿನಿಂದ ಸಾಲಿನಲ್ಲಿ ಕುಳಿತೆವು. ಪೊರೆ ತೆಗೆದರೆ ಕಾಣುತ್ತದೆ ಎಂದು ಆಯಿಗೆ ಹತ್ತು ಸಲ ಹೇಳಿರಬೇಕು. ಡಾಕ್ಟರು ದೀಪ ಹಿಡಿದು ನೋಡಿ, ಇದು ಪೊರೆಯಲ್ಲ, ನರವೇ ಒಣಗಿಹೋಗಿದೆ, ಇನ್ನು ಬರುವುದಿಲ್ಲ ಎಂದರು. ನಾನು ಮತ್ತೊಮ್ಮೆ ಕೇಳಿದೆ. ಅವರು ಮುಂದಿನವರನ್ನು ಕರೆದರು.

ತಿರುಗಿ ಬರುವಾಗ ಬಸ್ಸಿನಲ್ಲಿ ನಾನು ಅಳುತ್ತಿದ್ದೆ. ಆಯಿ ತಡಕಾಡಿ ನನ್ನ ಮೊಣಕೈ ಹಿಡಿದಳು.

"ಬಿಡ್ರಿ ಅಕ್ಕೋರೆ. ಕಣ್ಣ್ ಇರ್ಲಿಲ್ಲಂದ್ರೂ ನಡೀತಿತ್ರಿ ನಂದು. ಮಂದಿ ಇದ್ರು."

ಅದಾದ ಮೇಲೆ ನಾನು ಹೋದದ್ದು ಒಂದೇ ಸಲ. ಪರೀಕ್ಷೆ, ಮದುವೆ ಎಂದು ನೆಪ ಹೇಳಬಹುದು. ನಿಜ ಹೇಳಬೇಕೆಂದರೆ ಆ ಹೊಸ್ತಿಲ ಮುಂದೆ ನಿಲ್ಲುವುದು ನನ್ನಿಂದಾಗುತ್ತಿರಲಿಲ್ಲ. ಎರಡು ವರ್ಷದ ಮೇಲೆ ಹುಮನಾಬಾದಿನ ಬಸ್ ನಿಲ್ದಾಣದಲ್ಲಿ ಗುಂಪಿನ ಹೆಂಗಸೊಬ್ಬಳು ಸಿಕ್ಕಳು. ಆಯಿ ಹೋಗಿ ಆರು ತಿಂಗಳಾಯಿತು ಎಂದಳು. ಕಡೆಗಾಲದಲ್ಲಿ ಜೊತೆಗೆ ಯಾರಿದ್ದರು ಎಂದು ಕೇಳಿದೆ. ಯಾರಿರ್ತಾರ್ರಿ, ಸೊಸಿ ಸೈತ ಎಲ್ಲಾರೂ ಕಬ್ಬಿಗಿ ಹೋಗಿದ್ವಿ ಎಂದು ಅವಳು ಬಸ್ಸು ಹತ್ತಿದಳು.

ಸಂಘ ಇನ್ನೂ ಕೆಲವು ವರ್ಷ ನಡೆಯಿತು. ಅಧ್ಯಕ್ಷರು ನಿವೃತ್ತರಾದ ಮೇಲೆ ಸಭೆಗಳು ನಿಂತವು. ಪತ್ರಿಕೆ ಮೂರನೆಯ ಸಂಚಿಕೆಯನ್ನು ಕಾಣಲಿಲ್ಲ. ನನಗೆ ಮಾತ್ರ ಆ ಪ್ರಬಂಧದಿಂದ ಹೆಸರು ಬಂತು, ಬಡ್ತಿಯೂ ಬಂತು. ಮೂವತ್ತು ವರ್ಷ ನಾಯಕತ್ವದ ಪಾಠ ಮಾಡಿದೆ. ಪುಸ್ತಕದಲ್ಲಿದ್ದ ವ್ಯಾಖ್ಯೆಗಳನ್ನು ಬರೆಸಿದೆನೇ ಹೊರತು ಆಯಿಯ ವಿಷಯ ಒಮ್ಮೆಯೂ ಎತ್ತಲಿಲ್ಲ. ಈಗ ಆ ಕಡೆಯ ಹೊಲಗಳಲ್ಲಿ ಕಳೆಗೆ ಔಷಧ ಹೊಡೆಯುತ್ತಾರಂತೆ.

ಮೊನ್ನೆ ಒಬ್ಬ ಹುಡುಗಿಯ ಫೋನು ಬಂತು. ವಿಶ್ವವಿದ್ಯಾಲಯದಲ್ಲಿ ಸಂಶೋಧನೆ ಮಾಡುತ್ತಿದ್ದಾಳೆ, ಯಾವುದೋ ಗ್ರಂಥಾಲಯದಲ್ಲಿ ನಮ್ಮ ಪತ್ರಿಕೆ ಸಿಕ್ಕಿದೆ. ಬಹಳ ಗೌರವದಿಂದ ಮಾತಾಡಿದಳು. ಆ ನಾಯಕಿಯ ಮನೆಯವರು ಈಗ ಎಲ್ಲಿದ್ದಾರೆ ಮೇಡಂ, ಅವರನ್ನು ಕಂಡು ಮಾತಾಡಬೇಕು ಎಂದಳು.

ಬೇಡಮ್ಮ, ಹೋಗಬೇಡ ಎಂದೆ.

ಯಾಕೆ ಮೇಡಂ ಎಂದಳು. ಅವರ ವಿಳಾಸ ನನ್ನಲ್ಲಿಲ್ಲ ಎಂದೆ. ಪರವಾಗಿಲ್ಲ ಮೇಡಂ, ಊರಿಗೆ ಹೋಗಿ ಕೇಳಿದರೆ ಯಾರಾದರೂ ಹೇಳುತ್ತಾರೆ ಎಂದಳು. ದನಿಯಲ್ಲಿ ಉತ್ಸಾಹವಿತ್ತು. ಒಳ್ಳೆಯ ಹುಡುಗಿ. ಹೋಗಿಯೇ ಹೋಗುತ್ತಾಳೆ.