ಎದುರು ಮನೆಯ ಡೈರೆಕ್ಟರ್ ತಾತ

ಸ್ಯಾನಿಟೈಸರ್ ವಾಸನೆ ಮೂಗಿಗೆ ಬಡಿದರೆ ಉಳಿದವರಿಗೆ ಆಸ್ಪತ್ರೆ ನೆನಪಾಗಬಹುದು. ನನಗೆ ಅಮೆರಿಕದ ಜರ್ಮನ್‌ಟೌನ್‌ನ ನಮ್ಮ ಹಳೆಯ ಅಪಾರ್ಟ್‌ಮೆಂಟಿನ ಕಾರಿಡಾರು, ಎದುರುಬದುರಾಗಿದ್ದ ಎರಡು ಬಾಗಿಲು, ಎರಡರಲ್ಲೂ ಕುರ್ಚಿ ಹಾಕಿಕೊಂಡು ಕೂತ ವಯಸ್ಸಾದ ಇಬ್ಬರು ನೆನಪಾಗುತ್ತಾರೆ. ಈಚೆ ನನ್ನ ಅಜ್ಜಿ, ಅಪ್ಪನ ತಾಯಿ. ಆಚೆ ಮಾಸ್ಕ್ ಹಾಕಿದ ಡೈರೆಕ್ಟರ್ ತಾತ. ಮಕ್ಕಳ ಮನೆಗೆಂದು ಬಂದು, ೨೦೨೦ರಲ್ಲಿ ವಿಮಾನಗಳು ನಿಂತು ಇಲ್ಲೇ ಸಿಕ್ಕಿಕೊಂಡವರು. ನೀವೂ ಆ ವರ್ಷವನ್ನು ಇಂಥ ಯಾವುದೋ ಬಾಗಿಲಲ್ಲಿ ಕಳೆದಿರಬಹುದು. ಸ್ಕೂಲು ಮನೆಯೊಳಕ್ಕೇ ಬಂದಿತ್ತು; ಹನ್ನೆರಡು ವರ್ಷದ ನಾನು ಕ್ಲಾಸು ಮುಗಿಸಿ ಅಜ್ಜಿಯ ಕಾಲ ಬಳಿ ಬಂದು ಕೂರುತ್ತಿದ್ದೆ.

ತಾತ ಒಂದು ಕಾಲದಲ್ಲಿ ಮದ್ರಾಸಿನಲ್ಲಿ ತಮಿಳು ಸಿನಿಮಾ ನಿರ್ದೇಶಿಸಿದವರು. ಬಹಳ ವರ್ಷ ಅಸಿಸ್ಟೆಂಟ್ ಆಗಿದ್ದು, ಆಮೇಲೆ ಮನೆಯೊಳಗಿನ ಹೆಂಗಸರ ಕಥೆಗಳನ್ನು ತೆಗೆದರು. ಒಂದೆರಡು ಚೆನ್ನಾಗಿ ಓಡಿದವು. ಹೊಡೆದಾಟದ ಚಿತ್ರಗಳ ಕಾಲ ಬಂದ ಮೇಲೆ ನಿರ್ಮಾಪಕರು ಇವರ ಫೋನ್ ಎತ್ತುವುದನ್ನೇ ಬಿಟ್ಟರು. ಕೊನೆಯ ಚಿತ್ರ ಬಿಡುಗಡೆಯಾಗದೆ ಡಬ್ಬದಲ್ಲೇ ಉಳಿಯಿತು. ಇದನ್ನೆಲ್ಲ ಅವರು ಬೇರೆ ಯಾರದೋ ಸುದ್ದಿಯಂತೆ ಹೇಳುತ್ತಿದ್ದರು. ಮೈಸೂರಿನ ಔಟ್‌ಡೋರ್ ಶೂಟಿಂಗ್‌ಗಳಲ್ಲಿ ಕಲಿತ ಅವರ ಕನ್ನಡ ತಮಿಳಿನ ರಾಗದಲ್ಲಿ ಬರುತ್ತಿತ್ತು. ಅವರ ಮಗಳು, ಲ್ಯಾಬಿನಲ್ಲಿ ಕೆಲಸ ಮಾಡುತ್ತಿದ್ದ ಆಂಟಿ, ಸಿನಿಮಾ ಮಾತು ಬಂದರೆ ಎದ್ದು ಒಳಗೆ ಹೋಗಿಬಿಡುತ್ತಿದ್ದರು. ಅಪ್ಪ ಮನೆಯಲ್ಲೇ ಇರದಿದ್ದ ತಮ್ಮ ಬಾಲ್ಯವನ್ನು ಅವರಿನ್ನೂ ಮರೆತಿರಲಿಲ್ಲ.

ಒಂದು ಮಧ್ಯಾಹ್ನ ತಾತ ತಮ್ಮ ಚಿತ್ರವೊಂದರ ಕಥೆ ಹೇಳುತ್ತಿದ್ದಾಗ ಅಜ್ಜಿ ನಡುವೆ ತಡೆದು, ಅದನ್ನು ಮೈಸೂರಿನ ಟಾಕೀಸಿನಲ್ಲಿ ಗಂಡನ ಜೊತೆ ನೋಡಿದ್ದಾಗಿ ಹೇಳಿದರು. ತಾತ ಖುಷಿಯಿಂದ ಹಾಡುಗಳು ನೆನಪಿವೆಯೇ ಎಂದು ಕೇಳಿದರು. ಹಾಡು ಒಂದೂ ನೆನಪಿರಲಿಲ್ಲ.

"ಅದರಲ್ಲಿ ಗಂಡ ಸತ್ತವಳು ಎಲ್ಲರಿಗಿಂತ ಮುಂಚೆ ತಟ್ಟೆ ಹಾಕ್ಕೊಂಡು ಬಿಸಿ ಅನ್ನ ಉಣ್ತಾಳಲ್ಲ," ಎಂದರು ಅಜ್ಜಿ. "ನಮ್ಮನೆಯವರು ಹೋದ್ಮೇಲೆ ನಾನೂ ಹಾಗೇ ಕೂತೆ. ನಮ್ಮತ್ತೆ ನೋಡ್ತಾನೇ ಇದ್ರು. ನಾನು ಏಳಲಿಲ್ಲ."

ತಾತ ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು. ಆಮೇಲೆ, "ಆ ಸೀನ್ ತೆಗೆದುಬಿಡಿ ಅಂತ ಎಲ್ಲಾರೂ ಹೇಳಿದ್ರಮ್ಮ. ಯಾರೂ ಗಮನಿಸಿರಲ್ಲ ಅಂತ ನಾನೂ ಮರೆತಿದ್ದೆ," ಎಂದರು.

ಮರುದಿನ ಅವರು ತಮ್ಮ ಫೋನನ್ನು ಸ್ಯಾನಿಟೈಸರ್ ಹಾಕಿ ಒರೆಸಿ ನನ್ನ ಕೈಗೆ ಕೊಟ್ಟರು. ಅಜ್ಜಿ ಊಟ ಮಾಡುವುದನ್ನು ನಾನು ವಿಡಿಯೋ ತೆಗೆಯಬೇಕಿತ್ತು. ಬಾಗಿಲಿಗೆ ಕಾಣುವಂತೆ ಡೈನಿಂಗ್ ಟೇಬಲ್ ಎಳೆದೆವು. ಫೋನ್ ಎಷ್ಟು ಎತ್ತರ ಹಿಡಿಯಬೇಕು, ಕಿಟಕಿಯ ಬೆಳಕು ಯಾವ ಕೆನ್ನೆಗೆ ಬೀಳಬೇಕು ಎಂದು ತಾತ ಕಾರಿಡಾರಿನ ಆಚೆಯಿಂದಲೇ ಹೇಳಿಕೊಟ್ಟರು. ಅಜ್ಜಿಗೆ, ನಟಿಸಬೇಡಿ, ಸುಮ್ಮನೆ ಉಣ್ಣಿ ಎಂದರು. ಅಜ್ಜಿ ಅಷ್ಟು ನೆಟ್ಟಗೆ ಕೂತದ್ದನ್ನು ನಾನು ಮೊದಲು ನೋಡಿರಲಿಲ್ಲ. ಆಂಟಿ ಅಂದು ಒಳಗೆ ಹೋಗದೆ ತಮ್ಮ ಅಪ್ಪನ ಕುರ್ಚಿಯ ಹಿಂದೆ ನಿಂತರು.

ವಿಮಾನಗಳು ಶುರುವಾದ ಮೇಲೆ ತಾತ ಚೆನ್ನೈಗೆ, ಅಜ್ಜಿ ಮೈಸೂರಿಗೆ ಹೊರಟರು. ಮರುವರ್ಷ ತಾತ ತೀರಿಕೊಂಡರು, ಅದರ ಮುಂದಿನ ವರ್ಷ ಅಜ್ಜಿ. ಆಂಟಿ ಏಪೆಕ್ಸ್ ಎಂಬ ಬೇರೆ ಊರಿಗೆ ಹೋದರು. ನಾವೂ ಆ ಅಪಾರ್ಟ್‌ಮೆಂಟ್ ಬಿಟ್ಟೆವು. ಈಗ ಕಾಲೇಜಿನಲ್ಲಿರುವ ನಾನು ಈಚೆಗೆ ಏಪೆಕ್ಸ್‌ಗೆ ಹೋಗಿದ್ದಾಗ, ಆಂಟಿ ತಾತನ ಫೋನಿನಿಂದ ಉಳಿಸಿಕೊಂಡಿದ್ದ ಆ ವಿಡಿಯೋವನ್ನು ಟಿವಿಯಲ್ಲಿ ಹಾಕಿದರು. ಅಜ್ಜಿ ಅನ್ನ ಕಲಸಿ ನಿಧಾನವಾಗಿ ಉಣ್ಣುತ್ತಾರೆ. ಕೊನೆಯ ತುತ್ತು ಮುಗಿಸಿ, ತಲೆ ಎತ್ತಿ ಕಾರಿಡಾರಿನ ಕಡೆ ನೋಡಿ, "ನಿಮ್ಮದು ಊಟ ಆಯ್ತಾ?" ಎನ್ನುತ್ತಾರೆ. ತಾತ ಕಟ್ ಹೇಳುವುದನ್ನೇ ಮರೆತು ನಗುತ್ತಾರೆ. ಅವರ ಮುಖ ಅದರಲ್ಲಿ ಎಲ್ಲೂ ಇಲ್ಲ, ನಗು ಮಾತ್ರ ಇದೆ.

ಆಂಟಿ ಅದನ್ನು ಮೊದಲಿನಿಂದ ಇನ್ನೊಮ್ಮೆ ಹಾಕಿದರು.